ಸಿದ್ಧಿಯೂ ಸಮನ್ವಯವೂ: ‘ಪ್ರಭುಲಿಂಗಲೀಲೆ’ಯ ಗೋರಕ್ಷಪ್ರಸಂಗವನ್ನು ಕುರಿತು

ನಮ್ಮ ಸಾಹಿತ್ಯಚರಿತ್ರೆಗಳಲ್ಲಿಯೂ ಇತಿಹಾಸದ ಪಠ್ಯಗಳಲ್ಲಿಯೂ ‘ಸಮನ್ವಯ’ ಎಂಬುದು ಬಹುಕಾಲದಿಂದ ಚಲಾವಣೆಯಲ್ಲಿರುವ ನಾಣ್ಯ. ಎರಡು ಮತಗಳ ಚಿಹ್ನೆಗಳು ಒಂದೇ ದೇವಾಲಯದಲ್ಲಿ ಕಂಡರೆ ಸಮನ್ವಯ. ಒಬ್ಬ ದೊರೆ ಅನ್ಯಮತದವರಿಗೆ ದತ್ತಿ ಬಿಟ್ಟರೆ ಸಮನ್ವಯ. ಒಂದು ಪಂಥದ ಗುರುವು ಇನ್ನೊಂದು ಪಂಥದ ಪುರಾಣದಲ್ಲಿ ಕಾಣಿಸಿಕೊಂಡರೆ ಅದೂ ಸಮನ್ವಯವೆ. ಉತ್ತರಪತ್ರಿಕೆಗಳನ್ನು ತಿದ್ದುವ ಅಧ್ಯಾಪಕರಿಗೆ ಈ ಮಾತಿನ ಅತಿವ್ಯಾಪ್ತಿ ಚೆನ್ನಾಗಿ ಗೊತ್ತು: ವಿದ್ಯಾರ್ಥಿಗೆ ಬೇರೇನೂ ತೋಚದಾಗ ಕೈಗೆ ಸಿಕ್ಕುವ ಪದ ಇದು. ವಿದ್ಯಾರ್ಥಿಯನ್ನು ದೂರಿ ಫಲವಿಲ್ಲ. ನಾವು ಬರೆದ ಪುಸ್ತಕಗಳಿಂದಲೇ ಅವನು ಅದನ್ನು ಕಲಿತಿದ್ದಾನೆ.

ಈ ಪದವು ಎಷ್ಟನ್ನು ಮರೆಮಾಡಬಲ್ಲುದೆಂಬುದಕ್ಕೆ ಚಾಮರಸನ ‘ಪ್ರಭುಲಿಂಗಲೀಲೆ’ಯಲ್ಲಿ ಬರುವ ಗೋರಕ್ಷಪ್ರಸಂಗ ಒಳ್ಳೆಯ ನಿದರ್ಶನ. ದೇಹವನ್ನು ವಜ್ರದಂತೆ ಗಟ್ಟಿಮಾಡಿಕೊಂಡ ಸಿದ್ಧನೊಬ್ಬನು ಅಲ್ಲಮಪ್ರಭುವನ್ನು ಎದುರಾಗಿ, ಸೋತು, ಶಿಷ್ಯನಾಗುವ ಕಥೆ ಇದು. ಕಾಯಸಿದ್ಧಿಯ ಮಾರ್ಗವೂ ಶೂನ್ಯದ ಮಾರ್ಗವೂ ಇಲ್ಲಿ ಒಂದಾದುವೆಂದೂ, ನಾಥಸಂಪ್ರದಾಯವು ಶರಣಧರ್ಮದಲ್ಲಿ ಬೆರೆಯಿತೆಂದೂ ಇದನ್ನು ಸಾಮಾನ್ಯವಾಗಿ ವ್ಯಾಖ್ಯಾನಿಸುವ ರೂಢಿಯಿದೆ. ಈ ವ್ಯಾಖ್ಯಾನ ಕಾವ್ಯಕ್ಕೆ ನ್ಯಾಯ ಮಾಡುವುದಿಲ್ಲ, ಇತಿಹಾಸಕ್ಕಂತೂ ಇಲ್ಲ ಎಂಬುದು ನನ್ನ ಅಭಿಪ್ರಾಯ. ಬೇರೆ ಬೇರೆ ಶಕ್ತಿಗಳನ್ನು ಬೆರೆಸಿ ಒಂದಾಗಿಸಿದ ವಿದ್ಯೆಯೊಂದು ಈ ಪ್ರಸಂಗದಲ್ಲಿ ಇದ್ದೇ ಇದೆ. ಆದರೆ ಅದು ಇರುವುದು ಸೋತವನ ದೇಹದಲ್ಲಿ. ಗೆದ್ದವನು ಏನನ್ನೂ ಬೆರೆಸುವುದಿಲ್ಲ. ಅವನು ಮೇಲು ಕೀಳುಗಳನ್ನು ಗೊತ್ತುಮಾಡುತ್ತಾನೆ. ಬೆರಕೆಯನ್ನೂ ತರತಮವನ್ನೂ ಒಂದೇ ಹೆಸರಿನಿಂದ ಕರೆಯುವುದರಿಂದ ನಮಗೆ ಆಗಿರುವ ನಷ್ಟವನ್ನು ತೋರಿಸುವುದು ಪ್ರಕೃತ ಲೇಖನದ ಉದ್ದೇಶ.

ಚಾಮರಸನು ಕ್ರಿ.ಶ. ೧೪೩೦ರ ಸುಮಾರಿನವನು, ವಿಜಯನಗರದಲ್ಲಿ ಪ್ರೌಢದೇವರಾಯನು (೧೪೨೪–೧೪೪೬) ಆಳುತ್ತಿದ್ದಾಗ, ಲಕ್ಕಣ್ಣ ದಂಡೇಶ, ಜಕ್ಕಣಾರ್ಯ ಮೊದಲಾದವರ ಆಶ್ರಯದಲ್ಲಿ ವೀರಶೈವ ಸಾಹಿತ್ಯದ ಸಂಗ್ರಹ, ಸಂಪಾದನೆ, ವ್ಯಾಖ್ಯಾನಗಳು ಹುರುಪಿನಿಂದ ನಡೆದ ಕಾಲದವನು. ಅವನ ಕಾವ್ಯ ಭಾಮಿನೀಷಟ್ಪದಿಯಲ್ಲಿದೆ. ಇಪ್ಪತ್ತೈದು ಗತಿಗಳು, ೧೧೧೧ ಪದ್ಯಗಳು. ಕುಮಾರವ್ಯಾಸನಿಗೂ ಅವನಿಗೂ ಇದ್ದಿತೆನ್ನುವ ನೆಂಟಸ್ತಿಕೆ, ಸ್ಪರ್ಧೆಗಳ ಕಥೆಗಳು ಸ್ವಾರಸ್ಯವಾಗಿದ್ದರೂ ನಮ್ಮ ವಿಷಯಕ್ಕೆ ಬೇಕಾದುವಲ್ಲ. ಬೇಕಾದುದು ಇಷ್ಟು: ಚಾಮರಸನಿಗೆ ಸುಮಾರು ಇನ್ನೂರು ವರ್ಷಗಳ ಹಿಂದೆಯೇ ಹರಿಹರನು ಪ್ರಭುದೇವರ ರಗಳೆಯನ್ನು ಬರೆದಿದ್ದನು. ಹರಿಹರನ ಅಲ್ಲಮ ಕಮಲತೆಯೆಂಬ ಹೆಣ್ಣನ್ನು ಪ್ರೀತಿಸಿ ಮದುವೆಯಾದವನು. ಆಕೆ ಜ್ವರದಿಂದ ಸಾಯುತ್ತಾಳೆ. ದುಃಖದಿಂದ ಅಲೆಯುವ ಅವನಿಗೆ ನೆಲದಲ್ಲಿ ಹುದುಗಿದ್ದ ಗುಡಿಯೊಂದು ಸಿಕ್ಕಿ, ಅಲ್ಲಿ ಅನಿಮಿಷನಿಂದ ಲಿಂಗಪ್ರಾಪ್ತಿಯಾಗುತ್ತದೆ. ಆ ಕಥನದ ಭಾರವೆಲ್ಲ ಒಬ್ಬ ಮನುಷ್ಯನ ದುಃಖದ ಮೇಲೆ ನಿಂತಿದೆ. ಚಾಮರಸನಿಗೆ ಇದು ಒಪ್ಪಿಗೆಯಾಗಲಿಲ್ಲ. ಅವನ ಅಲ್ಲಮ ಹುಟ್ಟಿನಿಂದಲೇ ನಿರ್ಲಿಪ್ತ; ಕಮಲತೆಯ ಸ್ಥಾನದಲ್ಲಿ ಪಾರ್ವತಿಯ ತಾಮಸಕಳೆಯಾದ ಮಾಯೆ ಬನವಸೆಯ ಮಮಕಾರರಾಜನ ಮಗಳಾಗಿ ಹುಟ್ಟಿ, ಮದ್ದಳೆ ಬಾರಿಸುವ ಅಲ್ಲಮನನ್ನು ಒಲಿಸಲೆತ್ನಿಸಿ ಸೋಲುತ್ತಾಳೆ.

ಈ ಬದಲಾವಣೆಯಿಂದ ಕಾವ್ಯದ ಸ್ವರೂಪವೇ ಬೇರೆಯಾಯಿತು. ಹರಿಹರನಲ್ಲಿ ಒಂದು ಜೀವ ಬೆಳೆಯುವ ಕಥೆಯಿತ್ತು. ಚಾಮರಸನಲ್ಲಿ ಶಕ್ತಿಗಳು ಒಂದೊಂದಾಗಿ ಬಂದು ಪ್ರಭುವಿನೆದುರು ತಮ್ಮ ಅಳತೆಯನ್ನು ತಾವೇ ಕಂಡುಕೊಳ್ಳುವ ಕಥೆಯಿದೆ. ಮೊದಲು ಮಾಯೆಯ ಮೋಹನಶಕ್ತಿ. ಮುಂದೆ ಸೊನ್ನಲಿಗೆಯಲ್ಲಿ ಸಿದ್ಧರಾಮನ ತಪಸ್ಸಿನ ಶಕ್ತಿ: ಕೆರೆ ಕಟ್ಟಿಸಿ ಗುಡಿಯೆತ್ತಿಸಿದ ಆ ಕರ್ಮಯೋಗಿಯ ಕೋಪಾಗ್ನಿ ಪ್ರಭುವಿನ ಮುಂದೆ ತಣ್ಣಗಾಗುತ್ತದೆ. ಕಾವ್ಯದ ಉತ್ತರಾರ್ಧದಲ್ಲಿ ಗೋರಕ್ಷನ ಕಾಯಸಿದ್ಧಿ. ಈ ಸಾಲಿನಲ್ಲಿ ಇಟ್ಟು ನೋಡಿದಾಗ ಮಾತ್ರ ಗೋರಕ್ಷಪ್ರಸಂಗದ ಅರ್ಥ ಸ್ಪಷ್ಟವಾಗುವುದು. ಬಿಡಿಯಾಗಿ ಓದಿದವರು ಅದನ್ನು ಎರಡು ಪಂಥಗಳ ಮೈತ್ರಿಯೆಂದು ತಿಳಿಯುವುದು ಸಹಜ.

ಪ್ರಸಂಗದ ಸಾರ ವಾಚಕರಿಗೆ ತಿಳಿದುದೇ. ಗೋರಕ್ಷನು ತನ್ನ ದೇಹ ಸಾವನ್ನೂ ಶಸ್ತ್ರವನ್ನೂ ಗೆದ್ದಿದೆಯೆಂದು ಹೇಳಿಕೊಳ್ಳುತ್ತಾನೆ. ಕತ್ತಿಯನ್ನು ಪ್ರಭುವಿನ ಕೈಗೆ ಕೊಟ್ಟು ತನ್ನನ್ನು ಹೊಡೆದು ನೋಡೆನ್ನುತ್ತಾನೆ. ಪ್ರಭು ಹೊಡೆಯುತ್ತಾನೆ. ಲೋಹದ ಮೇಲೆ ಲೋಹ ಬಿದ್ದಂತೆ ದನಿ ಏಳುತ್ತದೆ. ಗೋರಕ್ಷನ ಮೈಯಲ್ಲಿ ಒಂದು ಕೂದಲೂ ಕೊಂಕುವುದಿಲ್ಲ. ಪ್ರಭು ನಕ್ಕು, ಅದೇ ಕತ್ತಿಯನ್ನು ಹಿಂದಕ್ಕೆ ಕೊಟ್ಟು, ಈಗ ನನ್ನನ್ನು ಹೊಡೆ ಎನ್ನುತ್ತಾನೆ. ಗೋರಕ್ಷ ಬೀಸಿದ ಕತ್ತಿ ಬಯಲನ್ನು ಕಡಿದಂತೆ ಪ್ರಭುವಿನ ದೇಹದ ಮೂಲಕ ಹಾದುಹೋಗುತ್ತದೆ. ತಗಲುವುದಕ್ಕೆ ಅಲ್ಲಿ ಏನೂ ಇಲ್ಲ. ಗೋರಕ್ಷನ ಗರ್ವ ಅಲ್ಲಿಗೆ ಮುಗಿಯುತ್ತದೆ.

ಕನ್ನಡದಲ್ಲಿ ತತ್ತ್ವಜಿಜ್ಞಾಸೆಯನ್ನು ಇಷ್ಟು ಕಡಮೆ ಸಾಮಗ್ರಿಯಿಂದ ದೃಶ್ಯವಾಗಿ ಮಾಡಿದ ಸಂದರ್ಭಗಳು ವಿರಳವೆನ್ನಬೇಕು. ಒಂದು ಕತ್ತಿ, ಎರಡು ದೇಹ, ಎರಡು ಏಟು; ಒಂದರಲ್ಲಿ ದನಿ, ಇನ್ನೊಂದರಲ್ಲಿ ಮೌನ. ಪ್ರಯೋಗಶಾಲೆಯಲ್ಲಿ ಒಂದೇ ಉಪಕರಣದಿಂದ ಎರಡು ದ್ರವ್ಯಗಳನ್ನು ಪರೀಕ್ಷಿಸಿದ ಹಾಗಿದೆ. ಇದರಲ್ಲಿ ಬಹುಮಂದಿ ವಿಮರ್ಶಕರು ಎರಡನೆಯ ಏಟಿನ ಮೇಲೆಯೇ ದೃಷ್ಟಿಯನ್ನಿಟ್ಟಿದ್ದಾರೆ. ಮೊದಲನೆಯ ಏಟನ್ನು ಇನ್ನೂ ಸ್ವಲ್ಪ ನಿಧಾನವಾಗಿ ನೋಡಬೇಕಾಗಿದೆ.

ಕತ್ತಿಯ ಏಟಿಗೆ ಗೋರಕ್ಷ ಏಕೆ ಸಾಯಲಿಲ್ಲ? ಕವಿಗೆ ಅವನನ್ನು ಕಪಟಿಯೆಂದು ತೋರಿಸುವ ಅವಕಾಶವಿತ್ತು. ಪರಮತದ ಸಿದ್ಧನ ಮೋಸವನ್ನು ಬಯಲಿಗೆಳೆಯುವ ಕಥೆಗಳಿಗೆ ನಮ್ಮ ಜೈನ, ವೀರಶೈವ ಪುರಾಣಗಳಲ್ಲಿ ಬರವಿಲ್ಲ. ಚಾಮರಸ ಹಾಗೆ ಮಾಡಲಿಲ್ಲ. ಗೋರಕ್ಷನ ಸಿದ್ಧಿ ನಿಜವಾದುದೆಂದು ಒಪ್ಪಿಕೊಂಡೇ ಅವನು ಮುಂದೆ ಹೋಗುತ್ತಾನೆ. ಒಪ್ಪದೆ ಇದ್ದಿದ್ದರೆ ಎರಡನೆಯ ಏಟಿಗೆ ಅರ್ಥವೇ ಇರುತ್ತಿರಲಿಲ್ಲ. ಪ್ರಭುವಿನ ಮಹತ್ತ್ವ ತಿಳಿಯಬೇಕಾದರೆ ಎದುರಾಳಿಯ ವಿದ್ಯೆ ಪೂರ್ಣವಾಗಿರಬೇಕು. ಕಾವ್ಯದ ಗೋರಕ್ಷ ಕಲ್ಪಿತ ವ್ಯಕ್ತಿಯೆಂದು ನಾವು ಹೇಳಿದರೂ, ಅವನ ಹಿಂದೆ ಇರುವ ವಿದ್ಯೆಯನ್ನು ಕಲ್ಪಿತವೆಂದು ತಳ್ಳಿಹಾಕುವಂತಿಲ್ಲ.

ಆ ವಿದ್ಯೆ ಯಾವುದು? ಚಾಮರಸ ಅದರ ವಿವರಗಳಿಗೆ ಕೈಹಾಕುವವನಲ್ಲ. ಅವನಿಗೆ ಬೇಕಾದುದು ಫಲ. ಆದರೆ ಅವನ ಕಾಲಕ್ಕೆ ಅದು ಶಾಸ್ತ್ರವಾಗಿ ಸಿದ್ಧವಾಗಿದ್ದಿತು. ಉಸಿರನ್ನು ಕಟ್ಟುವ ಹಠಯೋಗ, ಪಾದರಸವನ್ನು ಕಟ್ಟುವ ರಸವಾದ, ಮಂತ್ರ, ಮೂಲಿಕೆ—ಹುಟ್ಟಿನಲ್ಲಿ ಬೇರೆ ಬೇರೆಯಾದ ಈ ವಿದ್ಯೆಗಳು ‘ಸಿದ್ಧ’ನೆಂಬ ಒಬ್ಬ ವ್ಯಕ್ತಿಯಲ್ಲಿ ಬಂದು ಸೇರಿದುವು. ಸೇರಿದುದು ಅಕ್ಕಪಕ್ಕ ಕುಳಿತುಕೊಳ್ಳುವುದಕ್ಕಾಗಿ ಅಲ್ಲ. ಹಠಯೋಗದ ಪ್ರಸಿದ್ಧ ಗ್ರಂಥವಾದ ಸ್ವಾತ್ಮಾರಾಮನ ‘ಹಠಪ್ರದೀಪಿಕೆ’ಯನ್ನು ನೋಡಿದರೆ ಇದು ಗೊತ್ತಾಗುತ್ತದೆ. ಪಾದರಸಕ್ಕೆ ಮೂರು ಅವಸ್ಥೆಗಳುಂಟು: ಮೂರ್ಛೆ, ಮರಣ, ಬಂಧ. ಪ್ರಾಣವಾಯುವಿಗೂ ಅವೇ ಮೂರು. ಮೂರ್ಛೆಗೊಳಿಸಿದರೆ ರೋಗ ಹೋಗುತ್ತದೆ, ಕೊಂದರೆ ಅದು ಬದುಕಿಸುತ್ತದೆ, ಕಟ್ಟಿದರೆ ಆಕಾಶಗಮನ ದೊರೆಯುತ್ತದೆ. ಒಂದು ಕುಲುಮೆಯ ದ್ರವ್ಯ, ಇನ್ನೊಂದು ಮೂಗಿನ ಉಸಿರು. ಇವೆರಡಕ್ಕೂ ಒಂದೇ ಕ್ರಿಯಾಪದಗಳು, ಒಂದೇ ಫಲಶ್ರುತಿ. ಪಾದರಸದ ಶಕ್ತಿಯನ್ನು ಮೊದಲು ಲೋಹದ ಮೇಲೆ ಪರೀಕ್ಷಿಸಿ ಆಮೇಲೆ ದೇಹಕ್ಕೆ ಪ್ರಯೋಗಿಸಬೇಕೆಂಬ ತತ್ತ್ವ ‘ರಸಾರ್ಣವ’ದಂಥ ರಸಗ್ರಂಥಗಳಲ್ಲಿಯೂ ಉಂಟು. ಗೋರಕ್ಷನ ಮೈಯಿಂದ ಎದ್ದ ಲೋಹದ ದನಿ ಈ ಹಿನ್ನೆಲೆಯಲ್ಲಿ ಬರಿಯ ಅತಿಶಯೋಕ್ತಿಯೆನಿಸದು. ದೇಹವನ್ನು ಲೋಹದಂತೆ ಪರಿಪಾಕ ಮಾಡಬೇಕೆಂಬ ಶಾಸ್ತ್ರದ ಫಲವನ್ನೇ ಕವಿ ಕಿವಿಗೆ ಕೇಳಿಸಿದ್ದಾನೆ. ಯೋಗಕ್ಕೂ ರಸವಾದಕ್ಕೂ ಇರುವ ಈ ಒಳಸಂಬಂಧವನ್ನು ಡೇವಿಡ್ ಗಾರ್ಡನ್ ವೈಟ್ ಅವರು ೧೯೯೬ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ವಿಸ್ತಾರವಾಗಿ ನಿರೂಪಿಸಿದ್ದಾರೆ.

ಈ ಬೆರಕೆಯ ಬೇರು ಇನ್ನೂ ಹಿಂದಕ್ಕೆ ಹೋಗುತ್ತದೆ. ಬಿಂದು, ವಾಯು, ಮನಸ್ಸುಗಳನ್ನು ಒಟ್ಟಿಗೆ ಕಟ್ಟುವ ಸಾಧನೆಯನ್ನು ಮೊದಲಿಗೆ ವ್ಯವಸ್ಥಿತವಾಗಿ ಹೇಳುವ ‘ಅಮೃತಸಿದ್ಧಿ’ ಬೌದ್ಧ ವಜ್ರಯಾನದ ಪರಿಸರದಲ್ಲಿ ಹುಟ್ಟಿದುದೆಂದು ಈಚಿನ ಸಂಶೋಧನೆ ಸ್ಥಾಪಿಸಿದೆ. ನಮ್ಮ ನಾಡಿನಲ್ಲಿಯೇ ಮಂಗಳೂರಿನ ಕದ್ರಿಯನ್ನು ನೋಡಬಹುದು. ಅಲ್ಲಿನ ಲೋಕೇಶ್ವರನ ಕಂಚಿನ ವಿಗ್ರಹವನ್ನು ಆಳುಪ ದೊರೆ ಕುಂದವರ್ಮನು ಕ್ರಿ.ಶ. ೯೬೮ರಲ್ಲಿ ಕದರಿಕಾ ವಿಹಾರದಲ್ಲಿ ಪ್ರತಿಷ್ಠಿಸಿದನೆಂದು ಶಾಸನ ಹೇಳುತ್ತದೆ. ಇಂದು ಅದೇ ಗುಡಿ ಮಂಜುನಾಥನದು, ಅದರ ಸಮೀಪದಲ್ಲಿಯೇ ನಾಥಯೋಗಿಗಳ ಮಠವಿದೆ. ಕೊಂಕಣದ ಈ ಕರಾವಳಿಯಲ್ಲಿಯೇ ವಜ್ರಯಾನದ ಯೋಗಸಂಪ್ರದಾಯವೊಂದು ಶೈವವಾಗಿ, ನಾಥಮಾರ್ಗವಾಗಿ ರೂಪಾಂತರ ಹೊಂದಿತೆಂದು ಜೇಮ್ಸ್ ಮ್ಯಾಲಿನ್ಸನ್ ೨೦೧೯ರ ಪ್ರಬಂಧವೊಂದರಲ್ಲಿ ವಾದಿಸಿದ್ದಾರೆ. ‘ವಜ್ರಕಾಯ’ವೆಂಬ ಪದದಲ್ಲಿರುವ ವಜ್ರ ಎಲ್ಲಿಂದ ಬಂದಿತೆಂಬ ಪ್ರಶ್ನೆಗೂ ಇದರಿಂದ ಸ್ವಲ್ಪ ಬೆಳಕು ಬೀಳುತ್ತದೆ.

ಹೀಗೆ ಗೋರಕ್ಷನ ದೇಹದಲ್ಲಿ ಬೌದ್ಧನ ಬಿಂದು, ಶೈವನ ಮಂತ್ರ, ರಸವಾದಿಯ ಪಾದರಸ, ವೈದ್ಯನ ಮೂಲಿಕೆ ಎಲ್ಲವೂ ಕರಗಿ ಎರಕವಾಗಿವೆ. ಸಮನ್ವಯವೆಂಬ ಮಾತಿಗೆ ಅರ್ಹವಾದುದು ಇದು. ಇದನ್ನೇ ಚಾಮರಸ ತನ್ನ ಕಾವ್ಯದಲ್ಲಿ ಸೋಲಿಸುತ್ತಾನೆ.

ಸೋಲಿಸುವ ಬಗೆಯಲ್ಲಿ ಒಂದು ತೊಡಕೂ ಇದೆ. ಅಲ್ಲಮನ ವಚನಗಳನ್ನು ಓದಿದವರಿಗೆ, ಸಿದ್ಧಿಗಳ ವಿಷಯದಲ್ಲಿ ಅವನಿಗಿದ್ದ ತಿರಸ್ಕಾರ ಪರಿಚಿತ. ಆದರೆ ಕಾವ್ಯದಲ್ಲಿ ಆ ತಿರಸ್ಕಾರವನ್ನು ತೋರಿಸಿರುವುದು ಹೇಗೆ? ಕತ್ತಿ ದೇಹವನ್ನು ಹಾದುಹೋಗುವುದರಿಂದ! ಅದೂ ಒಂದು ಪವಾಡವಲ್ಲದೆ ಮತ್ತೇನು? ನೆರೆದವನೊಬ್ಬನು ತತ್ತ್ವವರಿಯದೆ ಈ ದೃಶ್ಯವನ್ನು ಕಂಡಿದ್ದರೆ, ಚಿಕ್ಕ ಮಾಂತ್ರಿಕನನ್ನು ದೊಡ್ಡ ಮಾಂತ್ರಿಕನು ಗೆದ್ದನೆಂದು ಹೇಳಿಕೊಂಡು ಮನೆಗೆ ಹೋಗುತ್ತಿದ್ದನು. ಕಥನದ ರೂಪವೇ ಕವಿಯನ್ನು ಈ ಬಲೆಗೆ ಕೆಡವಿದೆ. ವಚನದಲ್ಲಿ ನಿರಾಕರಣೆ ಮಾತಿನಿಂದ ಸಾಧ್ಯ. ಕಥೆಯಲ್ಲಿ ನಿರಾಕರಣೆಗೂ ಒಂದು ಘಟನೆ ಬೇಕು. ಚಾಮರಸ ಈ ತೊಡಕನ್ನು ಕಂಡಿದ್ದನೆಂದೇ ತೋರುತ್ತದೆ. ಆದುದರಿಂದಲೇ ಎರಡನೆಯ ಏಟಿನಲ್ಲಿ ಅವನು ಏನೂ ಆಗದಂತೆ ನೋಡಿಕೊಂಡಿದ್ದಾನೆ. ಕತ್ತಿ ಮುರಿಯುವುದಿಲ್ಲ, ಬೆಂಕಿ ಏಳುವುದಿಲ್ಲ. ಗಾಳಿಯನ್ನು ಕಟ್ಟಿ ಗಟ್ಟಿಯಾದ ದೇಹ ಒಂದು; ಕಟ್ಟುವುದಕ್ಕೇ ಏನೂ ಇಲ್ಲದ ದೇಹ ಇನ್ನೊಂದು. ಪವಾಡವನ್ನು ಆದಷ್ಟು ಬರಿದುಮಾಡಿ ಅದನ್ನು ಪವಾಡವಿರೋಧಕ್ಕೆ ಬಳಸಿರುವ ಈ ಜಾಣ್ಮೆ ಮೆಚ್ಚತಕ್ಕುದು. ಪೂರ್ಣವಾಗಿ ಫಲಿಸಿದೆಯೆಂದು ಮಾತ್ರ ನಾನು ಹೇಳಲಾರೆ.

ಇಲ್ಲಿ ಒಂದು ಆಕ್ಷೇಪಣೆ ಬರಬಹುದು. ಗೋರಕ್ಷನನ್ನು ಕೊಲ್ಲಲಿಲ್ಲ, ಓಡಿಸಲಿಲ್ಲ. ಅವನು ಶಿಷ್ಯನಾಗಿ ಸ್ವೀಕೃತನಾದನು. ಗೂಳೂರ ಸಿದ್ಧವೀರಣ್ಣೊಡೆಯರ ಶೂನ್ಯಸಂಪಾದನೆಯಲ್ಲಿ ಅವನಿಗೆ ಪ್ರತ್ಯೇಕವಾದ ಸಂಪಾದನೆಯೇ ಉಂಟು. ‘ಗೋರಕ್ಷಪಾಲಕ ಮಹಾಪ್ರಭು ಸಿದ್ಧಸೋಮನಾಥಲಿಂಗ’ ಎಂಬ ಅಂಕಿತದಲ್ಲಿ ವಚನಗಳೂ ದೊರೆತಿವೆ. ಇಷ್ಟಾದ ಮೇಲೂ ಇದನ್ನು ಸಮನ್ವಯವೆನ್ನಬಾರದೆ?

ಸ್ವೀಕಾರ ನಿಜ. ಆದರೆ ಯಾವ ಕರಾರಿನ ಮೇಲೆ ಎಂಬುದನ್ನು ಕೇಳಬೇಕು. ಶರಣರ ಗೋಷ್ಠಿಯೊಳಗೆ ಬಂದ ಗೋರಕ್ಷನು ತನ್ನ ವಿದ್ಯೆಯನ್ನು ಹೊರಗೆ ಬಿಟ್ಟು ಬಂದಿದ್ದಾನೆ. ಪಾದರಸವಾಗಲಿ ಉಸಿರಿನ ಬಂಧವಾಗಲಿ ಒಳಗೆ ಬರಲಿಲ್ಲ. ಬಂದುದು ಹೆಸರು ಮತ್ತು ಆ ಹೆಸರಿಗಿದ್ದ ಕೀರ್ತಿ. ರಾಜಕೀಯದಲ್ಲಿ ಇದಕ್ಕೆ ಸಾಮಂತತ್ವವೆಂದು ಹೆಸರು. ಗೆದ್ದ ದೊರೆ ಸೋತ ದೊರೆಯ ಕಿರೀಟವನ್ನು ಉಳಿಸಿ ತನ್ನ ಒಡ್ಡೋಲಗದಲ್ಲಿ ಅವನಿಗೆ ಪೀಠ ಕೊಡುವುದನ್ನು ನಾವು ಶಾಸನಗಳಲ್ಲಿ ಎಷ್ಟೋ ಬಾರಿ ಓದಿದ್ದೇವೆ. ಅದನ್ನು ಯಾರೂ ಎರಡು ರಾಜ್ಯಗಳ ಸಮನ್ವಯವೆಂದು ಬರೆಯುವುದಿಲ್ಲ.

ಇದಕ್ಕಿಂತ ಬಲವಾದ ಸಾಕ್ಷ್ಯ ಎದುರುಪಕ್ಷದಲ್ಲಿದೆ. ಅದನ್ನು ಕನ್ನಡ ವಿಮರ್ಶೆ ಇನ್ನೂ ಸಾಕಷ್ಟು ಬಳಸಿಕೊಂಡಿಲ್ಲ. ಮೇಲೆ ಹೇಳಿದ ‘ಹಠಪ್ರದೀಪಿಕೆ’ ಚಾಮರಸನ ಶತಮಾನದಲ್ಲಿಯೇ ಹುಟ್ಟಿದುದು. ಅದರ ಮೊದಲನೆಯ ಉಪದೇಶದಲ್ಲಿ ಸ್ವಾತ್ಮಾರಾಮನು ಹಠಯೋಗದ ಪ್ರಭಾವದಿಂದ ಕಾಲನ ದಂಡವನ್ನು ಮುರಿದು ಲೋಕದಲ್ಲಿ ಸಂಚರಿಸುವ ಮಹಾಸಿದ್ಧರ ಪಟ್ಟಿಯೊಂದನ್ನು ಕೊಡುತ್ತಾನೆ. ಆದಿನಾಥ, ಮತ್ಸ್ಯೇಂದ್ರ, ಚೌರಂಗಿ, ಗೋರಕ್ಷ ಎಂದು ಆರಂಭವಾಗುವ ಆ ಪಟ್ಟಿಯಲ್ಲಿ ಪೂಜ್ಯಪಾದ, ನಿತ್ಯನಾಥ, ಕಾಕಚಂಡೀಶ್ವರರಂತಹ ರಸವಾದಿಗಳ ಹೆಸರುಗಳಿವೆ. ಕೊನೆಕೊನೆಗೆ ಅಲ್ಲಮ ಪ್ರಭುದೇವನ ಹೆಸರೂ ಇದೆ! ಕಾಯಸಿದ್ಧಿಯನ್ನು ನಕ್ಕು ತಳ್ಳಿದವನು ಇಲ್ಲಿ ಕಾಯಸಿದ್ಧರಲ್ಲಿ ಒಬ್ಬನು. ಒಂದೇ ಶತಮಾನದಲ್ಲಿ ವಿಜಯನಗರದ ಕವಿ ಗೋರಕ್ಷನನ್ನು ಅಲ್ಲಮನ ಶಿಷ್ಯನನ್ನಾಗಿ ಮಾಡಿದನು. ಯೋಗಶಾಸ್ತ್ರಕಾರನು ಅಲ್ಲಮನನ್ನು ಗೋರಕ್ಷನ ಸಾಲಿಗೆ ಸೇರಿಸಿದನು. ಇಬ್ಬರೂ ಒಬ್ಬರ ಗುರುವನ್ನು ಇನ್ನೊಬ್ಬರು ತಮ್ಮ ಮನೆಗೆ ಕರೆದುಕೊಂಡರು. ಕರೆದುಕೊಂಡ ಮೇಲೆ ಎಲ್ಲಿ ಕೂರಿಸಬೇಕೆಂಬುದನ್ನು ಮನೆಯ ಯಜಮಾನರೇ ನಿಶ್ಚಯಿಸಿದರು.

ಇನ್ನು ಇತಿಹಾಸದ ಮಾತು. ಹನ್ನೆರಡನೆಯ ಶತಮಾನದಲ್ಲಿ ಗೋರಕ್ಷನೂ ಅಲ್ಲಮನೂ ನಿಜವಾಗಿ ಎದುರಾದರೆಂಬುದಕ್ಕೆ ಈ ಕಾವ್ಯವನ್ನು ಆಧಾರವಾಗಿ ಹಿಡಿಯುವವರಿದ್ದಾರೆ. ಘಟನೆಗೂ ಸಾಕ್ಷಿಗೂ ನಡುವೆ ಇನ್ನೂರೈವತ್ತು ವರ್ಷಗಳಿಗೂ ಮೀರಿದ ಅಂತರವಿರುವಾಗ ಇದು ಸಲ್ಲದು. ನಮ್ಮ ನೆರೆಯಲ್ಲಿ ನಾಥಪರಂಪರೆ ಬೇರೂರಿದ್ದುದಕ್ಕೆ ೧೨೯೦ರ ‘ಜ್ಞಾನೇಶ್ವರಿ’ ಉತ್ತಮ ಆಧಾರ. ಅದರಲ್ಲಿ ಜ್ಞಾನದೇವನು ಮತ್ಸ್ಯೇಂದ್ರ, ಗೋರಕ್ಷರಿಂದ ತನ್ನ ಗುರುಪರಂಪರೆಯನ್ನು ಎಣಿಸಿದ್ದಾನೆ. ಚಾಮರಸನ ಪ್ರಸಂಗ ಹನ್ನೆರಡನೆಯ ಶತಮಾನವನ್ನು ಕುರಿತು ಹೇಳುವುದಕ್ಕಿಂತ ಹದಿನೈದನೆಯ ಶತಮಾನವನ್ನು ಕುರಿತು ಹೆಚ್ಚು ಹೇಳುತ್ತದೆ: ವಿರಕ್ತರಿಗೆ ಆಗ ಸಿದ್ಧರು ಎದುರಿಸಲೇಬೇಕಾದ ಸ್ಪರ್ಧಿಗಳಾಗಿದ್ದರು.

ಬೆರಸುವುದು ಬೇರೆ, ಅಡಕಮಾಡಿಕೊಳ್ಳುವುದು ಬೇರೆ ಎಂಬುದನ್ನು ತಿಳಿಯಲು ಕರ್ನಾಟಕದಲ್ಲಿಯೇ ಇನ್ನೊಂದು ತೂಗುಗಲ್ಲು ಇದೆ. ರಕ್ಕಸಗಿ–ತಂಗಡಗಿಯ ಯುದ್ಧವಾಗಿ ಐದು ವರ್ಷಗಳ ಮೇಲೆ, ೧೫೭೦ರಲ್ಲಿ, ವಿಜಾಪುರದ ಆಸ್ಥಾನದಲ್ಲಿ ಪಾರಸಿ ಭಾಷೆಯಲ್ಲಿ ‘ನುಜೂಮ್ ಅಲ್-ಉಲೂಮ್’ ಎಂಬ ಸಚಿತ್ರ ವಿಶ್ವಕೋಶವೊಂದು ಸಿದ್ಧವಾಯಿತು. ಅದರ ಹಸ್ತಪ್ರತಿ ಈಗ ಡಬ್ಲಿನ್ ನಗರದ ಚೆಸ್ಟರ್ ಬೀಟಿ ಗ್ರಂಥಾಲಯದಲ್ಲಿದೆ. ದೊರೆ ಒಂದನೆಯ ಅಲಿ ಆದಿಲ್ ಶಾಹನೇ (೧೫೫೮–೧೫೮೦) ಅದರ ಕರ್ತೃವೆಂದು ಎಮ್ಮಾ ಫ್ಲಾಟ್ ೨೦೧೧ರಲ್ಲಿ ವಾದಿಸಿದ್ದಾರೆ. ಗ್ರಹಗಳು, ರಾಶಿಗಳು, ತಾಯಿತಗಳು, ಆಯುಧಗಳು, ಆನೆ ಕುದುರೆಗಳು, ಎಲ್ಲವೂ ಅಲ್ಲಿವೆ. ಎಲ್ಲಕ್ಕಿಂತ ವಿಸ್ಮಯಕರವಾದುದು ‘ರೂಹಾನಿ’ಗಳೆಂಬ ಶಕ್ತಿದೇವತೆಗಳ ಚಿತ್ರಮಾಲೆ. ಹೆಸರು ಅರಬ್ಬಿ ಮೂಲದ್ದು. ರೂಪಗಳು ನಮ್ಮ ಯೋಗಿನಿಯರನ್ನು ನೆನಪಿಗೆ ತರುತ್ತವೆ. ಇಸ್ಲಾಮಿನ ಗ್ರಹವಿದ್ಯೆಯೂ ಭಾರತೀಯ ತಂತ್ರವೂ ಅಲ್ಲಿ ಒಬ್ಬ ದೊರೆಯ ಪ್ರಯೋಜನಕ್ಕಾಗಿ ಒಂದೇ ಹೊತ್ತಗೆಯಲ್ಲಿ ದುಡಿಯುತ್ತವೆ. ಯಾರೂ ಯಾರಿಗೂ ಶಿಷ್ಯರಾಗಬೇಕಾಗಿಲ್ಲ, ಯಾರ ಕತ್ತಿಯೂ ಯಾರನ್ನೂ ಪರೀಕ್ಷಿಸುವುದಿಲ್ಲ. ರಾಜನಿಗೆ ಬೇಕಾದುದು ಫಲಿಸುವ ಶಕ್ತಿ. ಅದರ ಜಾತಕ ಅವನಿಗೆ ಮುಖ್ಯವಲ್ಲ. ಶರಣನ ಕಣ್ಣಿಗೆ ಇದು ಮೌಢ್ಯವಾಗಿ ಕಂಡೀತು. ಆದರೆ ಬೆರಕೆಯೆಂಬ ಮಾತಿನ ಪ್ರಾಮಾಣಿಕ ಅರ್ಥದಲ್ಲಿ ವಿಜಾಪುರದ ಗ್ರಂಥವು ಗೋರಕ್ಷನ ದೇಹಕ್ಕೆ ಹತ್ತಿರವಾದುದು, ಪ್ರಭುಲಿಂಗಲೀಲೆಗಲ್ಲ.

ಈ ವಿವೇಚನೆ ನಮ್ಮ ಬೆಂಗಳೂರಿನ ದಂಡುಪ್ರದೇಶದ ಕಾಲೇಜುಗಳಲ್ಲಿ ಪಾಠ ಹೇಳುವವರಿಗೆ ಹೆಚ್ಚಾಗಿ ಬೇಕು. ೧೮೦೯ರಲ್ಲಿ ಬ್ರಿಟಿಷರ ದಂಡು ಹಲಸೂರಿನ ಬಳಿ ಬೀಡುಬಿಟ್ಟಂದಿನಿಂದ ಈ ಭಾಗದಲ್ಲಿ ತಮಿಳು, ಉರ್ದು, ತೆಲುಗು ಮಾತಿನವರು ನೆಲಸಿದರು; ೧೯೪೭ರಲ್ಲಿ ಈ ಪ್ರದೇಶ ಮೈಸೂರಿಗೆ ಮರಳಿ, ೧೯೪೯ರಲ್ಲಿ ನಗರದೊಡನೆ ಒಂದೇ ಕಾರ್ಪೊರೇಷನ್ನಿಗೆ ಸೇರಿತು. ಒಂದೇ ತರಗತಿಯಲ್ಲಿ ಈ ಮನೆಮಾತುಗಳೆಲ್ಲ ಇವೆ. ಹಲಸೂರಿನ ಸೋಮೇಶ್ವರ ದೇವಾಲಯದಲ್ಲಿ ತಮಿಳುನಾಡಿನ ನಾಯನ್ಮಾರರ ಶಿಲ್ಪಗಳಿವೆ. ಇವರನ್ನೇ ಹರಿಹರನು ಪುರಾತನರೆಂದು ಕನ್ನಡಕ್ಕೆ ತಂದು ರಗಳೆಗಳನ್ನು ಬರೆದನು. ಋಣ ತೀರಿಸುವಂತೆ, ಪ್ರಭುಲಿಂಗಲೀಲೆಯನ್ನು ಹದಿನೇಳನೆಯ ಶತಮಾನದಲ್ಲಿ ತುರೈಮಂಗಲಂ ಶಿವಪ್ರಕಾಶರು ತಮಿಳಿಗೆ ತಂದರು. ತೆಲುಗಿನಲ್ಲಿ ಪಿಡುಪರ್ತಿ ಸೋಮನಾಥನ ಕೃತಿಯಿದೆ. ಹಲಸೂರಿನ ಮೂರು ಮನೆಗಳಲ್ಲಿ ಮೂರು ಭಾಷೆಗಳಲ್ಲಿ ಓದಬಹುದಾದ ಕಾವ್ಯ ಇದು.

ಆದರೆ ತಮಿಳು ಮನೆಯ ಹುಡುಗನಿಗೆ ಗೋರಕ್ಷ ಹೊಸಬನಲ್ಲ. ತಮಿಳರು ಎಣಿಸುವ ಹದಿನೆಂಟು ಸಿದ್ಧರಲ್ಲಿ ಕೋರಕ್ಕರ್ ಒಬ್ಬನು. ಪಳನಿಯ ನವಪಾಷಾಣದ ಮೂರ್ತಿಯನ್ನು ಒಂಬತ್ತು ವಿಷದ್ರವ್ಯಗಳನ್ನು ಬೆರಸಿ ಎರೆದನೆಂದು ಐತಿಹ್ಯವಿರುವ ಬೋಗರ್‌ನ ಪಂಕ್ತಿಯವನು. ಸಿದ್ಧವೈದ್ಯದಲ್ಲಿ ಇಂದಿಗೂ ಪೂಜ್ಯನು. ಆ ಹುಡುಗನ ಅಜ್ಜಿಗೆ ಕೋರಕ್ಕರ್ ಮದ್ದು ಕೊಡುವ ಸಿದ್ಧನಾದರೆ, ನಮ್ಮ ಪಾಠದಲ್ಲಿ ಗೋರಕ್ಷ ಗರ್ವಭಂಗ ಹೊಂದಿದ ಹಠಯೋಗಿ. ‘ಇದು ಸಮನ್ವಯ’ ಎಂದು ಅಧ್ಯಾಪಕನು ಹೇಳಿ ಮುಗಿಸಿದರೆ ಹುಡುಗನಿಗೆ ತಿಳಿಯುವುದೇನು? ತನ್ನ ಮನೆಯ ಸಿದ್ಧ ಬೇರೊಬ್ಬರ ಗುರುವಿಗೆ ಶರಣಾದುದಕ್ಕೆ ಇದು ಸೌಮ್ಯವಾದ ಹೆಸರೆಂದು ಅವನು ತಿಳಿದರೆ ತಪ್ಪೇನೂ ಇಲ್ಲ.

ಸಮನ್ವಯದ ಪರವಾಗಿ ಶಿವಾಜಿನಗರವನ್ನು ಉದಾಹರಿಸುವವರೂ ಉಂಟು. ರಸೆಲ್ ಮಾರುಕಟ್ಟೆಯ ಎದುರಿಗೇ ಸಂತ ಮೇರಿಯ ಬೆಸಿಲಿಕ. ಸೆಪ್ಟೆಂಬರ್ ೮ರ ಹಬ್ಬಕ್ಕೆ ಕಾವಿಯುಟ್ಟು ಬರುವವರಲ್ಲಿ ಎಲ್ಲ ಮತದವರೂ ಇರುತ್ತಾರೆ. ಅದೇ ಜನ ಹತ್ತಿರದ ದರ್ಗಾದಲ್ಲಿ ತಾಯಿತ ಕಟ್ಟಿಸಿಕೊಳ್ಳುತ್ತಾರೆ, ಶುಕ್ರವಾರ ಅಮ್ಮನ ಗುಡಿಯಲ್ಲಿ ನಿಂಬೆಹಣ್ಣಿನ ದೀಪ ಹಚ್ಚುತ್ತಾರೆ. ಒಂದೇ ಮಗುವಿನ ಜ್ವರಕ್ಕೆ ಮೂರು ಹರಕೆ. ಇದು ನನಗೆ ಗೌರವಾರ್ಹವೆನಿಸುತ್ತದೆ. ಆದರೆ ಚಾಮರಸನು ಮಾಡಿದುದೂ ಸ್ವಾತ್ಮಾರಾಮನು ಮಾಡಿದುದೂ ಇದಲ್ಲ. ಈ ತಾಯಿ ಶಕ್ತಿಗಳನ್ನು ಕರಗಿಸಿ ಎರಕ ಹೊಯ್ಯುವುದಿಲ್ಲ, ಒಂದರ ಕೆಳಗೆ ಇನ್ನೊಂದನ್ನು ಕೂರಿಸುವುದೂ ಇಲ್ಲ. ಮೂರು ಬಾಗಿಲುಗಳನ್ನೂ ತಟ್ಟಿ, ಯಾವುದು ತೆರೆಯಿತೆಂದು ವಿಚಾರಿಸದೆ, ಮಗುವಿನ ಹಣೆ ಮುಟ್ಟಿ ನೋಡುತ್ತಾಳೆ. ಇದಕ್ಕೆ ನಮ್ಮ ಶಾಸ್ತ್ರಗಳಲ್ಲಿ ಹೆಸರಿಲ್ಲ. ಅದಕ್ಕಾಗಿ ಸವೆದ ಪದವೊಂದನ್ನು ಎರವಲು ತರಬೇಕಾಗಿಯೂ ಇಲ್ಲ.

ಕರ್ನಾಟಕ ವಿಶ್ವವಿದ್ಯಾಲಯವು ೧೯೬೫ರಿಂದ ೧೯೭೨ರ ವರೆಗೆ ಶೂನ್ಯಸಂಪಾದನೆಯನ್ನು ಇಂಗ್ಲಿಷ್ ಅನುವಾದದೊಡನೆ ಐದು ಸಂಪುಟಗಳಲ್ಲಿ ಹೊರತಂದಿದೆ. ಚಾಮರಸನ ಕಾವ್ಯಕ್ಕೂ ಹಠಪ್ರದೀಪಿಕೆಗೂ ಮುದ್ರಣಗಳಿಗೆ ಕೊರತೆಯಿಲ್ಲ. ಸ್ನಾತಕೋತ್ತರ ತರಗತಿಯಲ್ಲಿ ಈ ಮೂರರೊಡನೆ ಶಿವಪ್ರಕಾಶರ ತಮಿಳು ಪಾಠವನ್ನೂ ಇಟ್ಟುಕೊಂಡು ಗೋರಕ್ಷಪ್ರಸಂಗವೊಂದನ್ನೇ ಓದುವುದು ಸಾಧ್ಯ. ತಮಿಳು ಬಲ್ಲ ವಿದ್ಯಾರ್ಥಿಗಳು ಹಲಸೂರಿನಲ್ಲಿ ಬೇಕಾದಷ್ಟು ಮಂದಿ ಇದ್ದಾರೆ. ಮೊದಲನೆಯ ಏಟಿನ ದನಿಯನ್ನು ಶಿವಪ್ರಕಾಶರು ತಮಿಳಿನಲ್ಲಿ ಹೇಗೆ ಕೇಳಿಸಿದ್ದಾರೆಂಬುದನ್ನು ಅವರೇ ತರಗತಿಗೆ ಓದಿ ಹೇಳಲಿ.